ಕಂಸನ ಗದೆ ಹಿಡಿದ ನಾಗರತ್ನಮ್ಮ

ಗಂಡಸರು ಸೀರೆಯುಟ್ಟು ಸ್ತ್ರೀಪಾತ್ರ ಮಾಡಿದ ಕಥೆ ರಂಗಾಸಕ್ತರೆಲ್ಲರಿಗೂ ಗೊತ್ತು. ಮುಂಬಯಿ, ಪುಣೆಯ ಕನ್ನಡಿಗರಿಗಂತೂ ಬಾಲಗಂಧರ್ವರ ಹೆಸರು ಹೇಳಿದರೆ ಸಾಕು, ಬೇರೆ ವಿವರಣೆ ಬೇಡ. ಆದರೆ ಹೆಂಗಸರೇ ಸೇರಿ ಒಂದು ನಾಟಕ ಮಂಡಳಿ ಕಟ್ಟಿ, ರಾಜನಿಂದ ಹಿಡಿದು ರಾಕ್ಷಸನವರೆಗೆ ಎಲ್ಲ ಪಾತ್ರಗಳನ್ನೂ ತಾವೇ ಮಾಡಿ ತೋರಿಸಿದ ಕಥೆ ಕನ್ನಡ ಸಂಘಗಳ ವೇದಿಕೆಗಳಲ್ಲಿ ಕೇಳಿಬರುವುದು ಅಪರೂಪ. ಆ ಸಾಹಸ ಮಾಡಿದವರು ಆರ್. ನಾಗರತ್ನಮ್ಮ.

1926ರಲ್ಲಿ ಮೈಸೂರಿನ ಬಡ ಕುಟುಂಬವೊಂದರಲ್ಲಿ ಹುಟ್ಟಿದ ನಾಗರತ್ನಮ್ಮ ಎಳೆಯ ವಯಸ್ಸಿನಲ್ಲೇ ಬಣ್ಣ ಹಚ್ಚಿದರು. ಹಿರಣ್ಣಯ್ಯ ಮಿತ್ರ ಮಂಡಳಿ, ಗುಬ್ಬಿ ಕಂಪನಿಯಂಥ ಹೆಸರಾಂತ ಸಂಸ್ಥೆಗಳಲ್ಲಿ ದುಡಿದರು. 1884ರಲ್ಲಿ ಆರಂಭವಾದ ಗುಬ್ಬಿ ಕಂಪನಿ ಅಂದಿನ ಕಲಾವಿದರ ಪಾಲಿಗೆ ದೊಡ್ಡ ಪಾಠಶಾಲೆಯೇ ಆಗಿತ್ತು. ಹಾಡು, ಮಾತು, ನಡಿಗೆ ಎಲ್ಲವನ್ನೂ ಅಲ್ಲಿ ರಂಗದ ಮೇಲೆಯೇ ಕಲಿಯಬೇಕಿತ್ತು. ಹಾರ್ಮೋನಿಯಂ ಶ್ರುತಿಗೆ ಕಂಠ ಸೇರಿಸಿ, ಹಿಂದಿನ ಸಾಲಿನ ನೆಲದ ಪ್ರೇಕ್ಷಕನಿಗೂ ಮಾತು ಮುಟ್ಟಿಸಬೇಕಿತ್ತು.

ಇಷ್ಟಾದರೂ ಕಂಪನಿಗಳಲ್ಲಿ ನಟಿಯರ ಸ್ಥಾನ ಮಾತ್ರ ಅಭದ್ರವೇ. ಯಾವ ಪಾತ್ರ ಕೊಡಬೇಕು, ಎಷ್ಟು ಸಂಬಳ ಕೊಡಬೇಕು ಎಂಬುದು ಮಾಲೀಕರ ಇಚ್ಛೆಗೆ ಬಿಟ್ಟದ್ದು. ವಯಸ್ಸು ಮೂವತ್ತು ದಾಟಿತೆಂದರೆ ನಾಯಕಿಯ ಪಾತ್ರ ಕೈಬಿಟ್ಟು ತಾಯಿಯ ಪಾತ್ರ ಬರುತ್ತಿತ್ತು. ಊರಿನವರು ರಾತ್ರಿ ಚಪ್ಪಾಳೆ ತಟ್ಟಿದರೂ ಹಗಲು ನಟಿಗೆ ಮನೆ ಬಾಡಿಗೆಗೆ ಕೊಡಲು ಹಿಂದೆಮುಂದೆ ನೋಡುತ್ತಿದ್ದ ಕಾಲವದು. ಇಂಥ ಪರಿಸ್ಥಿತಿಯಲ್ಲಿ 1958ರಲ್ಲಿ ನಾಗರತ್ನಮ್ಮ 'ಸ್ತ್ರೀ ನಾಟಕ ಮಂಡಳಿ'ಯನ್ನು ಸ್ಥಾಪಿಸಿದರು. ಆಗ ಅವರಿಗೆ ಸುಮಾರು ಮೂವತ್ತೆರಡು ವರ್ಷ. ಮಂಡಳಿಯ ಕಲಾವಿದರೆಲ್ಲರೂ ಮಹಿಳೆಯರೇ. ಅವರೇ ಗಂಡುಪಾತ್ರಗಳಿಗೆ ನಿಂತರು. ಕೃಷ್ಣಲೀಲೆಯ ಕಂಸನ ಪಾತ್ರ ಅವರಿಗೆ ಅಪಾರ ಕೀರ್ತಿ ತಂದಿತು.

ಹೆಂಗಸರು ಮೀಸೆ ಹಚ್ಚಿಕೊಂಡು ರಂಗಕ್ಕೆ ಬರುವುದು ಬರೀ ಒಂದು ಕುತೂಹಲದ ಸಂಗತಿಯಲ್ಲವೇ ಎಂದು ಕೇಳುವವರಿದ್ದಾರೆ. ಕುತೂಹಲ ಮೊದಲ ದಿನದ ಟಿಕೇಟು ಮಾರೀತು. ಎರಡನೆಯ ದಿನದ ಟಿಕೇಟು ಮಾರಬೇಕಾದರೆ ಅಭಿನಯವೇ ಬೇಕು. ಸರಕಾರದ ಅನುದಾನವಾಗಲಿ ಶ್ರೀಮಂತರ ಬೆಂಬಲವಾಗಲಿ ನೆಚ್ಚುವಂತಿಲ್ಲದ ವೃತ್ತಿ ರಂಗಭೂಮಿಯಲ್ಲಿ ಆ ರಾತ್ರಿಯ ಕಲೆಕ್ಷನ್ನಿನ ಮೇಲೆ ಮರುದಿನದ ಅಡುಗೆ ನಿಲ್ಲುತ್ತದೆ. ಕಂಸನೆಂದರೆ ಭಾರದ ಕಿರೀಟ, ಹೆಗಲ ಮೇಲೆ ಗದೆ, ಎದೆಯಾಳದಿಂದ ಬರಬೇಕಾದ ಅಬ್ಬರ. ಅದರ ಜೊತೆಗೆ ಸಾವಿನ ಭಯದಲ್ಲಿ ತತ್ತರಿಸುವ ಮನಸ್ಸನ್ನೂ ತೋರಿಸಬೇಕು. ಗಂಡಸರಿಗೂ ಸುಲಭವಲ್ಲದ ಈ ಪಾತ್ರದಲ್ಲೇ ನಾಗರತ್ನಮ್ಮ ಜನಮನ ಗೆದ್ದರೆಂಬುದು ಅವರ ಸಾಮರ್ಥ್ಯಕ್ಕೆ ಸಾಕ್ಷಿ.

ಅವರಿಗೆ 1992ರಲ್ಲಿ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ದೊರೆಯಿತು. ಗುಬ್ಬಿ ವೀರಣ್ಣ ಪ್ರಶಸ್ತಿಯೂ ಸಂದಿತು. ಕೇಂದ್ರ ಸರಕಾರ ಪದ್ಮಶ್ರೀ ನೀಡಿದ್ದು 2012ರಲ್ಲಿ. ಅದೇ ವರ್ಷ ಅಕ್ಟೋಬರ್ 6ರಂದು ಬೆಂಗಳೂರಿನಲ್ಲಿ ಅವರು ನಿಧನರಾದರು. ಗೌರವ ಬಂತು, ನಿಜ; ಆದರೆ ಮಂಡಳಿ ಕಟ್ಟಿ ಐವತ್ತನಾಲ್ಕು ವರ್ಷಗಳಾದ ಮೇಲೆ, ಬದುಕಿನ ಕೊನೆಯ ತಿಂಗಳುಗಳಲ್ಲಿ ಬಂತು.

ಈ ಕಥೆಯಿಂದ ಹೊರನಾಡ ಕನ್ನಡ ಸಂಘಗಳು ಕಲಿಯಬೇಕಾದದ್ದು ಸಾಕಷ್ಟಿದೆ. ವಾರ್ಷಿಕೋತ್ಸವದ ಆಮಂತ್ರಣ ಪತ್ರಿಕೆ ತೆರೆದು ನೋಡಿದರೆ ಪ್ರಾರ್ಥನೆ, ಸ್ವಾಗತಗೀತೆ, ಸಮೂಹನೃತ್ಯ ಮಹಿಳಾ ವಿಭಾಗದ್ದು. ನಾಟಕ ಮಾತ್ರ ಪುರುಷರದ್ದು. 'ಸ್ತ್ರೀಪಾತ್ರಕ್ಕೆ ಯಾರೂ ಸಿಗುವುದಿಲ್ಲ' ಎಂದು ಹೇಳಿ ಹೆಣ್ಣುಪಾತ್ರವೇ ಇಲ್ಲದ ನಾಟಕ ಹುಡುಕುವ ಸಂಘಗಳೂ ಇವೆ. ಹಳೆ ಮೈಸೂರಿನ ಹಳ್ಳಿಗಳಲ್ಲಿ ಇಂದಿಗೂ ಗಂಡಸರು ಪೌರಾಣಿಕ ನಾಟಕ ಕಲಿತು, ಸ್ತ್ರೀಪಾತ್ರಗಳಿಗೆ ಮಾತ್ರ ಒಂದು ರಾತ್ರಿಯ ಮಟ್ಟಿಗೆ ವೃತ್ತಿ ನಟಿಯರನ್ನು ಕರೆಸುವ ರೂಢಿಯಿದೆ. ನಾಟಕ ಗಂಡಸರದು, ಹೆಣ್ಣು ಅಲ್ಲಿ ಅತಿಥಿ ಎಂಬ ಈ ಭಾವನೆಯನ್ನೇ ನಾಗರತ್ನಮ್ಮ ಅರ್ಧ ಶತಮಾನಕ್ಕೂ ಹಿಂದೆ ತಲೆಕೆಳಗು ಮಾಡಿದರು.

ಕಲಾವಿದೆಯರು ಸಿಗುವುದಿಲ್ಲ ಎನ್ನುವ ಮೊದಲು ಅವರು ಬರುವಂಥ ವ್ಯವಸ್ಥೆ ಇದೆಯೇ ಎಂದು ಪದಾಧಿಕಾರಿಗಳು ಕೇಳಿಕೊಳ್ಳಬೇಕು. ಕೆಲಸ ಮುಗಿಸಿ, ಮನೆಯ ಅಡುಗೆ ಮುಗಿಸಿ ರಾತ್ರಿ ಒಂಬತ್ತಕ್ಕೆ ತಾಲೀಮಿಗೆ ಬಾ ಎಂದರೆ ಯಾವ ಗೃಹಿಣಿ ಬಂದಾಳು? ಭಾನುವಾರ ಮಧ್ಯಾಹ್ನ ತಾಲೀಮು ಇಟ್ಟರೆ, ಮಕ್ಕಳನ್ನು ನೋಡಿಕೊಳ್ಳುವವರಿದ್ದರೆ, ತಡವಾದಾಗ ಸ್ಟೇಷನ್ನಿನವರೆಗೆ ಜೊತೆ ಬರುವವರಿದ್ದರೆ ಪರಿಸ್ಥಿತಿ ಬದಲಾಗುತ್ತದೆ. ಸಂಘದ ಆಯವ್ಯಯ ಪತ್ರದಲ್ಲಿ ಪುರುಷರ ನಾಟಕಕ್ಕೆ ನಿರ್ದೇಶಕರ ಸಂಭಾವನೆ, ರಂಗಸಜ್ಜಿಕೆ, ಪ್ರಸಾಧನದ ಬಾಬತ್ತು ಇರುವಂತೆಯೇ ಮಹಿಳಾ ವಿಭಾಗದ ನಾಟಕಕ್ಕೂ ಅಷ್ಟೇ ಮೊತ್ತ ತೆಗೆದಿಡಬೇಕು. ಮಾತಿನ ಪ್ರೋತ್ಸಾಹಕ್ಕಿಂತ ಖಾತೆಯಲ್ಲಿ ಬರೆದ ಪ್ರೋತ್ಸಾಹ ಹೆಚ್ಚು ಬಾಳುತ್ತದೆ.

ಇನ್ನೊಂದು ಮಾತು. ಕಂಪನಿ ನಾಟಕಗಳಲ್ಲಿ ದುಡಿದು ಮುಪ್ಪಾದ ನಟಿಯರು ತವರು ನಾಡಿನಲ್ಲಿ ಇನ್ನೂ ಇದ್ದಾರೆ. ರಾಜ್ಯೋತ್ಸವಕ್ಕೆ ಸಿನಿಮಾ ತಾರೆಯರನ್ನು ವಿಮಾನದಲ್ಲಿ ಕರೆಸುವ ಸಂಘಗಳು ಒಂದು ವರ್ಷವಾದರೂ ಅಂಥ ಒಬ್ಬ ಹಿರಿಯ ಕಲಾವಿದೆಯನ್ನು ಕರೆಸಲಿ. ಶಾಲು, ಹಣ್ಣಿನ ಬುಟ್ಟಿಯ ಜೊತೆಗೆ ಔಷಧದ ಖರ್ಚಿಗಾಗುವಷ್ಟು ನಿಧಿಯನ್ನೂ ಅರ್ಪಿಸಲಿ. ಅವರ ಬಾಯಿಂದ ಒಂದು ರಂಗಗೀತೆ ಕೇಳುವ ಭಾಗ್ಯ ಇಲ್ಲಿ ಹುಟ್ಟಿ ಬೆಳೆದ ಮಕ್ಕಳಿಗೂ ಸಿಗಲಿ. ಮುಂದಿನ ವರ್ಷದ ಕಾರ್ಯಕ್ರಮ ಪಟ್ಟಿ ತಯಾರಿಸುವ ಕಾರ್ಯಕಾರಿ ಸಮಿತಿಗಳು ಈ ಎರಡು ವಿಷಯಗಳನ್ನು ಚರ್ಚೆಗೆ ಎತ್ತಿಕೊಂಡರೆ, ನಾಗರತ್ನಮ್ಮನವರಿಗೆ ಹೊರನಾಡ ಕನ್ನಡಿಗರು ಸಲ್ಲಿಸುವ ಯೋಗ್ಯ ಗೌರವ ಅದಾಗುತ್ತದೆ.