ಗಡಿನಾಡ ಗಾಂಧಿ: ಒಂದು ಹಳೆಯ ಪ್ರಶ್ನೆಗೆ ತಡವಾದ ಉತ್ತರ

ನನ್ನಲ್ಲಿ ಇತಿಹಾಸ ಕಲಿತವರಿಗೆ ಒಂದು ಅಂಕದ ಆ ಪ್ರಶ್ನೆ ಇಂದಿಗೂ ನೆನಪಿರಬಹುದು. "ಗಡಿನಾಡ ಗಾಂಧಿ ಎಂದು ಯಾರನ್ನು ಕರೆಯುತ್ತಾರೆ?" ಉತ್ತರ: ಖಾನ್ ಅಬ್ದುಲ್ ಗಫಾರ್ ಖಾನ್. ಇಷ್ಟು ಬರೆದರೆ ಅಂಕ ಕೈಗೆ ಬಂದಂತೆ. ನಾನೂ ವರ್ಷ ವರ್ಷವೂ ಅದನ್ನು ಹೇಳಿಕೊಡುತ್ತಾ ಬಂದೆ. ಆ ಒಂದು ಸಾಲಿನಲ್ಲಿ ಒಂದು ಅನ್ಯಾಯ ಅಡಗಿದೆಯೆಂದು ಅರಿವಾಗಲು ನನಗೆ ನಿವೃತ್ತಿಯೇ ಬರಬೇಕಾಯಿತು.

1988ರ ಜನವರಿ 20ರಂದು ಖಾನ್ ಸಾಹೇಬರು ಪೇಶಾವರದಲ್ಲಿ ತೀರಿಕೊಂಡರು. ಹಿಂದಿನ ವರ್ಷವಷ್ಟೇ ನಮ್ಮ ದೇಶ ಅವರಿಗೆ ಭಾರತರತ್ನ ನೀಡಿತ್ತು. ಸುದ್ದಿಯನ್ನು ರೇಡಿಯೋದಲ್ಲಿ ಕೇಳಿ, ಮರುದಿನ ತರಗತಿಯಲ್ಲಿ ಅವರ ವಿಷಯ ತೆಗೆದೆ. "ಬಂದೂಕು ಬಿಟ್ಟು ಬೇರೇನೂ ಅರಿಯದ ಪಠಾಣರಿಗೆ ಗಾಂಧೀಜಿಯ ಅಹಿಂಸೆಯನ್ನು ಕಲಿಸಿದ ಮಹಾಪುರುಷ" ಎಂದೆ. ಎರಡನೆಯ ಬೆಂಚಿನಲ್ಲಿ ಒಬ್ಬ ಹುಡುಗ ಎದ್ದು ನಿಂತ. ಅವನ ತಂದೆ ಸಂತೆಗಳಲ್ಲಿ ಬಳೆ ಮಾರುತ್ತಿದ್ದರು. ಎಂದೂ ಬಾಯಿ ತೆರೆಯದ ಹುಡುಗ. "ಸಾರ್, ಗಾಂಧೀಜಿ ಸಿಗದೇ ಹೋಗಿದ್ದರೆ ಅವರು ಹಾಗೆ ಆಗುತ್ತಲೇ ಇರಲಿಲ್ಲವೇ? ನಮ್ಮ ಕುರಾನಿನಲ್ಲಿ ಅದು ಇಲ್ಲವೇ?" ಎಂದು ಕೇಳಿದ. ನನಗೆ ಉತ್ತರ ತಿಳಿದಿರಲಿಲ್ಲ. ತಿಳಿಯದೆಂದು ಒಪ್ಪಿಕೊಳ್ಳುವ ಧೈರ್ಯವೂ ಇರಲಿಲ್ಲ. "ಪರೀಕ್ಷೆಗೆ ಅದೆಲ್ಲ ಬರುವುದಿಲ್ಲ, ಕೂತ್ಕೋ" ಎಂದುಬಿಟ್ಟೆ. ಅವನು ಕುಳಿತ. ಆ ವರ್ಷವೆಲ್ಲ ಮತ್ತೆ ಏನನ್ನೂ ಕೇಳಲಿಲ್ಲ.

ಆ ಹುಡುಗನ ಪ್ರಶ್ನೆಯೇ ಸರಿಯಾಗಿತ್ತು. ನನ್ನ ಪಾಠವೇ ತಪ್ಪಾಗಿತ್ತು.

ಗಫಾರ್ ಖಾನರು ಹುಟ್ಟಿದ್ದು 1890ರಲ್ಲಿ, ಪೇಶಾವರದ ಬಳಿಯ ಉತ್ಮಾನ್‌ಝೈ ಎಂಬ ಹಳ್ಳಿಯಲ್ಲಿ. ತಮ್ಮ ಮೊದಲ ಶಾಲೆಯನ್ನು ಅವರು ಅಲ್ಲಿ ತೆರೆದಾಗ ಅವರಿಗೆ ಇಪ್ಪತ್ತು ವರ್ಷ. ಅದು 1910, ಗಾಂಧೀಜಿಯವರು ಇನ್ನೂ ದಕ್ಷಿಣ ಆಫ್ರಿಕಾದಲ್ಲಿದ್ದರು. ಶಾಲೆ ತೆರೆದ ಮಾತ್ರಕ್ಕೆ ಯಾರೂ ಅಹಿಂಸಾವಾದಿಯಾಗುವುದಿಲ್ಲ, ನಿಜ. ಆದರೆ ತಮ್ಮ ಜನರನ್ನು ಕಾಡುತ್ತಿದ್ದ ರೋಗ ಯಾವುದೆಂದು ಅವರು ಆಗಲೇ ಗುರುತಿಸಿದ್ದರು. ಪಠಾಣರ ಬಾಳಿನಲ್ಲಿ 'ಬದಲ್' ಎಂಬ ಪದ್ಧತಿಯಿತ್ತು: ಕೊಲೆಗೆ ಪ್ರತಿಯಾಗಿ ಕೊಲೆ. ಅಜ್ಜನ ಕಾಲದ ಹಗೆಗೆ ಮೊಮ್ಮಗ ಬಲಿಯಾಗುತ್ತಿದ್ದ. 1929ರಲ್ಲಿ ಅವರು ಕಟ್ಟಿದ 'ಖುದಾಯಿ ಖಿದ್ಮತ್‌ಗಾರ್' ಸಂಘಕ್ಕೆ, ಅಂದರೆ ದೇವರ ಸೇವಕರ ಸಂಘಕ್ಕೆ, ಸೇರುವವನು ದೇವರ ಹೆಸರಿನಲ್ಲಿ ಪ್ರಮಾಣ ಮಾಡಬೇಕಿತ್ತು. ಹಿಂಸೆಗೆ ಇಳಿಯುವುದಿಲ್ಲ, ಸೇಡು ತೀರಿಸುವುದಿಲ್ಲ, ಕೇಡು ಮಾಡಿದವರನ್ನು ಕ್ಷಮಿಸುತ್ತೇನೆ, ದಿನಕ್ಕೆ ಎರಡು ಗಂಟೆಯಾದರೂ ಸಮಾಜದ ಕೆಲಸ ಮಾಡುತ್ತೇನೆ ಎಂದು. ಬ್ರಿಟಿಷರ ಮಾತು ಆಮೇಲಿನದು. ಮೊದಲು ಪಕ್ಕದ ಮನೆಯವನೊಡನೆ ಹಗೆ ಬಿಡಬೇಕಿತ್ತು. ಬಿಳಿಯ ಬಟ್ಟೆ ಬೇಗ ಕೊಳೆಯಾಗುತ್ತದೆಂದು ಅವರು ಅಂಗಿಗೆ ಇಟ್ಟಿಗೆಯ ಬಣ್ಣ ಹಾಕಿಕೊಂಡರು. 'ಕೆಂಪಂಗಿಯವರು' ಎಂಬ ಹೆಸರು ಬಂದದ್ದು ಹಾಗೆ. ಆ ಬಣ್ಣ ನೋಡಿ ಇವರು ಕಮ್ಯುನಿಸ್ಟರೆಂದು ಸರ್ಕಾರ ಹೆದರಿತಂತೆ!

ಈ ಅಹಿಂಸೆ ಎಲ್ಲಿಂದ ಬಂದಿತೆಂದು ಕೇಳಿದವರಿಗೆ ಖಾನ್ ಸಾಹೇಬರು ಕೊಡುತ್ತಿದ್ದ ಉತ್ತರ ಸರಳವಾಗಿತ್ತು. ಇದು ಹೊಸದಲ್ಲ, ಪ್ರವಾದಿಯವರು ಮೆಕ್ಕಾದಲ್ಲಿದ್ದ ಕಾಲದಲ್ಲಿ ಇದನ್ನೇ ಪಾಲಿಸಿದ್ದರು, ನಾವು ಅದನ್ನು ಮರೆತಿದ್ದೆವು, ಗಾಂಧೀಜಿ ನೆನಪಿಸಿದರು ಎನ್ನುತ್ತಿದ್ದರು. ಗಾಂಧೀಜಿಯವರ ಋಣವನ್ನು ಅವರು ಎಂದೂ ಮರೆಮಾಚಲಿಲ್ಲ. ಆದರೆ ನೆನಪಿಸುವುದು ಬೇರೆ, ದಾನ ಕೊಡುವುದು ಬೇರೆ.

ಮೆಕ್ಕಾದ ಆ ಹದಿಮೂರು ವರ್ಷಗಳ ಬಗ್ಗೆ ನಾನು ಓದಿದ್ದು ತೀರ ಇತ್ತೀಚೆಗೆ. ಅನುಯಾಯಿಗಳನ್ನು ಹಿಂಸಿಸಿದರು, ಪ್ರವಾದಿಯವರ ಕುಲಕ್ಕೇ ಬಹಿಷ್ಕಾರ ಹಾಕಿದರು, ತಾಯಿಫ್ ಎಂಬ ಊರಿನಲ್ಲಿ ಕಲ್ಲೆಸೆದರು. ಆ ಅವಧಿಯಲ್ಲಿ ಅವರು ಕತ್ತಿ ಎತ್ತಲಿಲ್ಲ. ಅದಕ್ಕೆ ಅರಬ್ಬಿಯಲ್ಲಿ 'ಸಬ್ರ್' ಎನ್ನುತ್ತಾರೆ. ನಮ್ಮೂರ ಮುಸಲ್ಮಾನರ ಮನೆಗಳಲ್ಲಿ 'ಸಬರ್' ಎಂದು ನಾವೆಲ್ಲ ಕೇಳಿರುವ ಪದ ಅದೇ. ತಾಳ್ಮೆ ಎಂದರೆ ಅದರ ಅರ್ಥ ಪೂರ್ತಿ ಬರುವುದಿಲ್ಲ. ಹೊಡೆತ ತಿಂದರೂ ನಂಬಿಕೆಯಿಂದ ಕದಲದಿರುವುದು ಅದು.

ಇನ್ನೊಂದು ಪ್ರಸಂಗ ನನ್ನನ್ನು ಬಹಳ ಹಿಡಿದು ನಿಲ್ಲಿಸಿತು. ಕ್ರಿ.ಶ. 628ರಲ್ಲಿ ಹುದೈಬಿಯಾ ಎಂಬಲ್ಲಿ ಮೆಕ್ಕಾದವರೊಡನೆ ಒಪ್ಪಂದವಾಯಿತು. ಪತ್ರದಲ್ಲಿ 'ದೇವರ ಪ್ರವಾದಿ ಮುಹಮ್ಮದ್' ಎಂದು ಬರೆದಾಗ ಎದುರು ಪಕ್ಷದವನು ಆಕ್ಷೇಪಿಸಿದ. ನಿಮ್ಮನ್ನು ಪ್ರವಾದಿಯೆಂದು ಒಪ್ಪಿದ್ದರೆ ಜಗಳವೇ ಇರುತ್ತಿರಲಿಲ್ಲವಲ್ಲ, ತಂದೆಯ ಹೆಸರು ಹಾಕಿ ಸಾಕು ಎಂದ. ಬರೆಯುತ್ತಿದ್ದ ಅಲಿಯವರಿಗೆ ಆ ಪದಗಳನ್ನು ಅಳಿಸಲು ಕೈ ಬರಲಿಲ್ಲ. ಪ್ರವಾದಿಯವರು ತಾವೇ ಅಳಿಸಿದರು. ಉಮರರಂಥ ಹಿರಿಯ ಸಂಗಡಿಗರಿಗೂ ಇದು ಅವಮಾನವೆನಿಸಿತು. ಹತ್ತು ವರ್ಷ ಯುದ್ಧ ಬೇಡ ಎಂಬ ಮಾತಿಗಾಗಿ ತಮ್ಮ ಬಿರುದನ್ನೇ ಬಿಟ್ಟುಕೊಟ್ಟ ನಾಯಕ! ಪಂಚಾಯಿತಿ ಕಟ್ಟೆಯಲ್ಲಿ ರಾಜಿ ಮಾಡಿಸಲು ಕುಳಿತವರಿಗೆ ಇದರ ಬೆಲೆ ಗೊತ್ತು. ಎಷ್ಟು ರಾಜಿಗಳು ಹೆಸರಿನ ಮುಂದಿನ ಒಂದು ಪದಕ್ಕಾಗಿ ಮುರಿದಿಲ್ಲ?

ಇಲ್ಲಿ ನೀವು ಒಂದು ಆಕ್ಷೇಪವೆತ್ತಬಹುದು. ಪ್ರವಾದಿಯವರು ಬದ್ರ್‌ನಲ್ಲಿ ಯುದ್ಧ ಮಾಡಲಿಲ್ಲವೇ? ಮಾಡಿದರು. ಕುರಾನು ಯುದ್ಧಕ್ಕೆ ಅನುಮತಿ ಕೊಡುವುದಿಲ್ಲವೇ? ಕೊಡುತ್ತದೆ. ಇಸ್ಲಾಮಿನಲ್ಲಿ ಯುದ್ಧವೇ ಇಲ್ಲವೆಂದು ಹೇಳಿದರೆ ನಾನು ಮತ್ತೊಂದು ಸುಳ್ಳು ಪಾಠ ಮಾಡಿದಂತಾಗುತ್ತದೆ. ಆದರೆ ನಮ್ಮ ಭಗವದ್ಗೀತೆ ಹುಟ್ಟಿದ್ದು ರಣರಂಗದ ನಡುವೆ. ಅದೇ ಗೀತೆಯಿಂದ ಗಾಂಧೀಜಿ ಅಹಿಂಸೆಯನ್ನು ತೆಗೆದರೆ ನಾವು ಅದನ್ನು ಆಳವಾದ ಓದು ಎನ್ನುತ್ತೇವೆ. ಕುರಾನಿನಿಂದ ಗಫಾರ್ ಖಾನರು ಅದನ್ನೇ ತೆಗೆದರೆ, ಗಾಂಧಿಯಿಂದ ಸಾಲ ತಂದರು ಎನ್ನುತ್ತೇವೆ. ಈ ತಾರತಮ್ಯ ಏಕೆ?

ಅವರ ಓದು ಬರಿಯ ಮಾತಾಗಿರಲಿಲ್ಲ. 1930ರ ಏಪ್ರಿಲ್ 23ರಂದು ಖಾನ್ ಸಾಹೇಬರನ್ನು ಬಂಧಿಸಿದಾಗ ಪೇಶಾವರದ ಕಿಸ್ಸಾ ಖ್ವಾನಿ ಬಜಾರಿನಲ್ಲಿ ಜನ ಸೇರಿದರು. ಸೇನೆಯ ಕವಚದ ವಾಹನಗಳು ಗುಂಪಿನ ಮೇಲೆಯೇ ನುಗ್ಗಿದವು, ಗುಂಡಿನ ಸುರಿಮಳೆಯಾಯಿತು. ಸತ್ತವರೆಷ್ಟು ಎಂಬುದರಲ್ಲಿ ಸರ್ಕಾರದ ಲೆಕ್ಕವೂ ಜನರ ಲೆಕ್ಕವೂ ಒಂದಾಗಲೇ ಇಲ್ಲ. ಅಂದು ಗಢವಾಲ್ ರೈಫಲ್ಸ್‌ನ ಚಂದ್ರ ಸಿಂಗ್ ಮತ್ತು ಸಂಗಡಿಗರು ನಿಶ್ಶಸ್ತ್ರ ಜನರ ಮೇಲೆ ಗುಂಡು ಹಾರಿಸಲು ಒಪ್ಪಲಿಲ್ಲ. ಮುಸಲ್ಮಾನರ ಮೇಲೆ ಬಂದೂಕೆತ್ತಲು ಒಲ್ಲೆನೆಂದ ಹಿಂದೂ ಸಿಪಾಯಿಗಳು! ಚಂದ್ರ ಸಿಂಗರಿಗೆ ಜೀವಾವಧಿ ಶಿಕ್ಷೆಯಾಯಿತು.

1940ರಲ್ಲಿ ಮಹಾಯುದ್ಧಕ್ಕೆ ಷರತ್ತಿನ ಮೇಲೆ ಸಹಕರಿಸಲು ಕಾಂಗ್ರೆಸ್ ಮುಂದಾದಾಗ, ಅಹಿಂಸೆಯ ವ್ರತಕ್ಕೆ ಅದು ಹೊಂದುವುದಿಲ್ಲವೆಂದು ಗಫಾರ್ ಖಾನರು ಕಾರ್ಯಕಾರಿ ಸಮಿತಿಯಿಂದಲೇ ಹೊರಬಂದರು. ಸಾಲ ತಂದ ನಂಬಿಕೆಯಾಗಿದ್ದರೆ ಇಷ್ಟು ಬೆಲೆ ತೆರುತ್ತಿದ್ದರೇ? ದೇಶ ಒಡೆದ ಮೇಲೆ ಪಾಕಿಸ್ತಾನವೂ ಅವರನ್ನು ಮತ್ತೆ ಮತ್ತೆ ಸೆರೆಗೆ ತಳ್ಳಿತು. 1948ರ ಆಗಸ್ಟ್ 12ರಂದು ಬಾಬ್ರಾ ಎಂಬಲ್ಲಿ ಅವರ ಸೇವಕರ ಮೇಲೆ ಗುಂಡು ಹಾರಿಸಿದ್ದು ಬ್ರಿಟಿಷರಲ್ಲ, ಸ್ವತಂತ್ರ ದೇಶದ ಸರ್ಕಾರ. 1969ರಲ್ಲಿ ಗಾಂಧಿ ಶತಮಾನೋತ್ಸವಕ್ಕೆಂದು ನಮ್ಮಲ್ಲಿಗೆ ಬಂದಾಗ ಗುಜರಾತಿನ ಗಲಭೆಗಳ ಸುದ್ದಿ ಹಸಿಯಾಗಿತ್ತು. ಅತಿಥಿಯಾಗಿ ಬಂದ ಮುದುಕರು ಉಪವಾಸ ಕುಳಿತರು. ಸನ್ಮಾನ ಮಾಡಲು ಹಾರ ಹಿಡಿದು ನಿಂತಿದ್ದ ನಮಗೆ ಅದಕ್ಕಿಂತ ಕಟುವಾದ ಪಾಠ ಬೇಕಿರಲಿಲ್ಲ.

ಸಿರಿಯಾದಲ್ಲಿ ಜೌದತ್ ಸಯೀದ್ ಎಂಬ ವಿದ್ವಾಂಸರಿದ್ದರು, 2022ರಲ್ಲಿ ತೀರಿಕೊಂಡರು. ಆದಮನ ಇಬ್ಬರು ಮಕ್ಕಳ ಕಥೆ ಕುರಾನಿನಲ್ಲಿದೆ. ನೀನು ನನ್ನನ್ನು ಕೊಲ್ಲಲು ಬಂದರೂ ನಾನು ನಿನ್ನ ಮೇಲೆ ಕೈಯೆತ್ತೆನೆಂದು ಅವರಲ್ಲೊಬ್ಬ ಹೇಳುತ್ತಾನೆ. ಆ ಮಾತನ್ನೇ ಬುಡವಾಗಿಟ್ಟುಕೊಂಡು ಸಯೀದರು 1966ರಲ್ಲಿ ಒಂದು ಪುಸ್ತಕ ಬರೆದರು. 2011ರಲ್ಲಿ ದಾರಾಯಾ ಎಂಬ ಊರಿನ ತರುಣರು ತಮ್ಮ ಮೇಲೆ ಬಂದೂಕು ಹಿಡಿದು ಬಂದ ಸೈನಿಕರಿಗೆ ಹೂವು, ನೀರು ಕೊಟ್ಟರು. ಅವರಲ್ಲಿ ಗಿಯಾಥ್ ಮತರ್ ಎಂಬ ದರ್ಜಿ ಯುವಕನನ್ನು ಅದೇ ಸೆಪ್ಟೆಂಬರಿನಲ್ಲಿ ಬಂಧಿಸಿ, ಕೆಲವೇ ದಿನಗಳಲ್ಲಿ ಶವವನ್ನು ಮನೆಯವರಿಗೆ ಒಪ್ಪಿಸಿದರು. ಜಗತ್ತು ಅವನನ್ನು ಏನೆಂದು ಕರೆಯಿತು ಗೊತ್ತೇ? 'ಪುಟ್ಟ ಗಾಂಧಿ'. ಗೌರವದಿಂದಲೇ ಕರೆದರು. ಆದರೂ ಮತ್ತೆ ಅದೇ ಒಂದು ಅಂಕದ ಉತ್ತರ.

2016ರ ಜನವರಿ 20ರಂದು, ಅಂದರೆ ಖಾನ್ ಸಾಹೇಬರ ಪುಣ್ಯತಿಥಿಯ ದಿನವೇ, ಚಾರ್‌ಸದ್ದಾದಲ್ಲಿ ಅವರ ಹೆಸರಿನ ವಿಶ್ವವಿದ್ಯಾಲಯಕ್ಕೆ ಬಂದೂಕುಧಾರಿಗಳು ನುಗ್ಗಿ ಇಪ್ಪತ್ತಕ್ಕೂ ಹೆಚ್ಚು ಜನರನ್ನು ಕೊಂದರು. ಅಂದು ಅಲ್ಲಿ ಅವರ ಸ್ಮರಣೆಯ ಕವಿಗೋಷ್ಠಿ ನಡೆಯಬೇಕಿತ್ತು. ಕೊಂದವರೂ ಕುರಾನಿನ ಹೆಸರು ಹೇಳುವವರೇ. ಅವರ ಓದಿಗೆ ನಾವು ಪತ್ರಿಕೆಯ ಮುಖಪುಟ ಕೊಡುತ್ತೇವೆ, ಅದೇ ನಿಜವಾದ ಇಸ್ಲಾಮೆಂದು ತಲೆಯಾಡಿಸುತ್ತೇವೆ. ಎರಡನೆಯ ಬೆಂಚಿನ ಹುಡುಗನ ಪ್ರಶ್ನೆಗೆ ನಾನು ಬಾಗಿಲು ಮುಚ್ಚಿದಾಗ ಯಾರ ಪಕ್ಷ ವಹಿಸಿದ್ದೆನೆಂದು ಈಗ ಯೋಚಿಸುತ್ತೇನೆ.

ಆ ಹುಡುಗ ಈಗ ಐವತ್ತು ದಾಟಿದ ಗೃಹಸ್ಥನಾಗಿರಬೇಕು. ಅವನ ಸಹಪಾಠಿಗಳು ಕೆಲವರು ಇದನ್ನು ಓದುತ್ತೀರಿ ಎಂದು ಬಲ್ಲೆ. ಅವನ ಸಂಪರ್ಕ ಯಾರಿಗಾದರೂ ಇದ್ದರೆ ದಯವಿಟ್ಟು ಇಷ್ಟು ತಿಳಿಸಿ: "ಹೌದಪ್ಪಾ, ಅದು ನಿಮ್ಮ ಕುರಾನಿನಲ್ಲಿಯೇ ಇತ್ತು. ಮೇಷ್ಟರು ಓದಿರಲಿಲ್ಲ."