ಯಾರ ಅಭಿಪ್ರಾಯವನ್ನು ಉದ್ಧರಿಸಬೇಕು?

ನವೆಂಬರ್ ತಿಂಗಳು ಸಮೀಪಿಸಿತೆಂದರೆ ಹೊರನಾಡಿನ ಕನ್ನಡ ಸಂಘಗಳಲ್ಲಿ ರಾಜ್ಯೋತ್ಸವದ ಸ್ಮರಣ ಸಂಚಿಕೆಗಳ ಸಿದ್ಧತೆ ಆರಂಭವಾಗುತ್ತದೆ. ಅವುಗಳಲ್ಲಿ ವಿಜಯನಗರವನ್ನು ಕುರಿತ ಲೇಖನವೊಂದು ಸಾಮಾನ್ಯವಾಗಿ ಇದ್ದೇ ಇರುತ್ತದೆ. ಎಣ್ಣೂರಿನ ಹೋಟೆಲೊಂದರಲ್ಲಿ ದುಡಿಯುವ ವಾಚಕರೊಬ್ಬರು ಅಂತಹ ಲೇಖನವೊಂದನ್ನು ತಮ್ಮ ತೆಲುಗು ಮಿತ್ರರಿಗೆ ಓದಿ ಹೇಳಿದರಂತೆ. ಹರಿಹರ ಬುಕ್ಕರು ಕನ್ನಡಿಗರೆಂಬುದಕ್ಕೆ ಅದರಲ್ಲಿ ಮೂವರು ವಿದ್ವಾಂಸರ ಹೆಸರುಗಳಿದ್ದವು. ಮಿತ್ರರು ನಕ್ಕು, ಅವರು ತೆಲುಗರೆಂದು ಬರೆದ ವಿದ್ವಾಂಸರನ್ನು ಹೆಸರಿಸಿದರಂತೆ. “ನಾನು ಯಾರನ್ನು ನಂಬಲಿ? ನಮ್ಮ ಲೇಖಕರು ಆ ಇನ್ನೊಂದು ಪಕ್ಷದವರ ಹೆಸರನ್ನೇ ಏಕೆ ಎತ್ತಲಿಲ್ಲ?” ಎಂದು ವಾಚಕರು ನಮ್ಮನ್ನು ಕೇಳಿದ್ದಾರೆ. ಪ್ರಶ್ನೆ ನ್ಯಾಯವಾದುದು. ಉತ್ತರ ಹೇಳುವುದು ನಮ್ಮ ಕರ್ತವ್ಯ.

ಈ ವಾದದ ಮೂಲದಲ್ಲಿ ಒಂದು ಪ್ರಸಿದ್ಧ ಗ್ರಂಥವಿದೆ. ಮದರಾಸು ಸಿವಿಲ್ ಸರ್ವಿಸಿನ ಅಧಿಕಾರಿಯಾಗಿದ್ದ ರಾಬರ್ಟ್ ಸಿವೆಲ್ ಅವರು 1900ರಲ್ಲಿ ‘ಮರೆತುಹೋದ ಸಾಮ್ರಾಜ್ಯ’ ಎಂಬ ಅರ್ಥದ ಹೆಸರಿನಲ್ಲಿ ವಿಜಯನಗರದ ಇತಿಹಾಸವನ್ನು ಪ್ರಕಟಿಸಿದರು. ಪಾಯೆಸ್ ಮತ್ತು ನೂನಿಜ್ ಎಂಬ ಪೋರ್ಚುಗೀಸರ ವೃತ್ತಾಂತಗಳನ್ನು ಇಂಗ್ಲಿಷಿಗೆ ತಂದ ಆ ಗ್ರಂಥದ ಉಪಕಾರ ದೊಡ್ಡದು. ಆದರೆ ಸಾಮ್ರಾಜ್ಯದ ಮೂಲವನ್ನು ಹೇಳುವಾಗ ಸಿವೆಲ್ ಅವರ ಮುಂದೆ ಇದ್ದುದು ಪರಸ್ಪರ ವಿರುದ್ಧವಾದ ಹಲವು ಐತಿಹ್ಯಗಳು. ಅವುಗಳಲ್ಲಿ ಯಾವುದು ದಿಟ ಎಂಬ ವಿವಾದ ಮುಂದಿನ ವಿದ್ವಾಂಸರ ಪಾಲಿಗೆ ಬಂದಿತು.

ಸೋದರರು ಹೊಯ್ಸಳ ಮೂರನೆಯ ಬಲ್ಲಾಳನ ಸೇವೆಯಲ್ಲಿದ್ದವರೆಂಬ ಪಕ್ಷವನ್ನು ಮುಂಬಯಿಯ ಪಾದ್ರಿ ಹೆರಾಸ್ ಅವರು 1929ರಲ್ಲಿಯೂ, ಭಾಸ್ಕರ ಆನಂದ ಸಾಲೆತೊರೆಯವರು 1934ರಲ್ಲಿಯೂ ಎತ್ತಿಹಿಡಿದರು. ಅವರು ಓರುಗಲ್ಲಿನ ಕಾಕತೀಯರ ಆಶ್ರಯದಿಂದ ಬಂದವರೆಂಬ ಪಕ್ಷವನ್ನು ಎನ್. ವೆಂಕಟರಮಣಯ್ಯನವರು 1933ರಲ್ಲಿ ಮದರಾಸು ವಿಶ್ವವಿದ್ಯಾನಿಲಯ ಪ್ರಕಟಿಸಿದ ಗ್ರಂಥದಲ್ಲಿ ಮಂಡಿಸಿದರು. ಕೆ. ಎ. ನೀಲಕಂಠ ಶಾಸ್ತ್ರಿಗಳು 1955ರ ತಮ್ಮ ದಕ್ಷಿಣ ಭಾರತದ ಇತಿಹಾಸದಲ್ಲಿ ಈ ಎರಡನೆಯ ಪಕ್ಷವನ್ನೇ ಅಂಗೀಕರಿಸಿದರು. ಇವರಲ್ಲಿ ಯಾರೊಬ್ಬರೂ ಅಲ್ಪ ವಿದ್ವಾಂಸರಲ್ಲ.

ಇಲ್ಲಿ ನಮ್ಮವರ ಒಂದು ದೋಷವನ್ನು ಮುಚ್ಚಿಡದೆ ಹೇಳಬೇಕಾಗಿದೆ. ನಮ್ಮ ಸಂಚಿಕೆಗಳು ಹೆರಾಸ್ ಅವರನ್ನು ಹೆಮ್ಮೆಯಿಂದ ಉದ್ಧರಿಸುತ್ತವೆ. ಅದೇ ಗ್ರಂಥದಲ್ಲಿ ಅವರು, ವಿದ್ಯಾರಣ್ಯರು ನಗರವನ್ನು ಸ್ಥಾಪಿಸಿದರೆಂಬ ಕಥೆ ಹದಿನಾರನೆಯ ಶತಮಾನದಲ್ಲಿ ಹುಟ್ಟಿಕೊಂಡ ಕಲ್ಪನೆಯೆಂದೂ ವಾದಿಸಿದ್ದಾರೆ. ಆ ಮಾತನ್ನು ಮಾತ್ರ ಬಿಟ್ಟು, ಮರುಪುಟದಲ್ಲಿಯೇ ವಿದ್ಯಾರಣ್ಯರು ನಗರ ಕಟ್ಟಿಸಿದ ಕಥೆಯನ್ನು ಇತಿಹಾಸವೆಂದು ಅಚ್ಚುಹಾಕುತ್ತೇವೆ. ಹೆರಾಸ್ ಅವರ ನಿರ್ಣಯವನ್ನು ಒಪ್ಪಲೇಬೇಕೆಂದು ನಾವು ಹೇಳುವುದಿಲ್ಲ. ಆದರೆ ಒಬ್ಬ ಸಾಕ್ಷಿಯ ಅರ್ಧ ಹೇಳಿಕೆಯನ್ನು ಮಾತ್ರ ಬರೆದುಕೊಳ್ಳುವ ನ್ಯಾಯಾಲಯವನ್ನು ಯಾರು ಗೌರವಿಸುತ್ತಾರೆ?

ಹಾಗಾದರೆ ಆಯ್ಕೆಯ ನಿಯಮವೇನು? ವಿದ್ವಾಂಸನ ಮಾತೃಭಾಷೆಯನ್ನು ಕೇಳಬಾರದು, ಅವನು ಯಾವ ಆಧಾರಗಳನ್ನು ನೋಡಿದ್ದಾನೆಂದು ಕೇಳಬೇಕು. ಕನ್ನಡ ಪಕ್ಷಕ್ಕೆ ಶಾಸನಗಳ ಬಲವಿದೆ. ವಿಜಯೋತ್ಸವಕ್ಕಾಗಿ ಸೋದರರು ಶೃಂಗೇರಿಯಲ್ಲಿ ನೆರೆದುದನ್ನು ಹೇಳುವ 1346ರ ಶಾಸನ ಅವುಗಳಲ್ಲೊಂದು. ಇನ್ನೊಂದು ಪಕ್ಷಕ್ಕೆ ಸಂಸ್ಕೃತದ ಕಾಲಜ್ಞಾನ ಗ್ರಂಥಗಳ ಮತ್ತು ದೆಹಲಿಯ ಬರನಿಯಂತಹ ಚರಿತ್ರೆಕಾರರ ಹೇಳಿಕೆಗಳ ಬಲವಿದೆ. ಎದುರು ಪಕ್ಷದ ಅತ್ಯಂತ ದುರ್ಬಲ ಲೇಖಕನನ್ನಲ್ಲ, ಅತ್ಯಂತ ಸಮರ್ಥನನ್ನು ಹೆಸರಿಸಿ ಉತ್ತರ ಹೇಳಬೇಕು. ಗ್ರಂಥಗಳ ವರ್ಷವನ್ನೂ ನೋಡಬೇಕು. ವಸುಂಧರಾ ಫಿಲಿಯೋಜಾ ಅವರು 1973ರಲ್ಲಿ ಆರಂಭಕಾಲದ ಶಾಸನಗಳನ್ನು ಒಟ್ಟುಗೂಡಿಸಿ ಪ್ರಕಟಿಸಿದರು. ಹರ್ಮನ್ ಕುಲ್ಕೆ ಅವರು 1985ರಲ್ಲಿ ಶೃಂಗೇರಿಯ ಪ್ರಶ್ನೆಯನ್ನು ಮರುಪರಿಶೀಲಿಸಿದರು. ದೆಹಲಿಯ ಸೆರೆಯ ಕಥೆಗಳನ್ನು, ನಡೆದ ಸಂಗತಿಗಳ ವರದಿಯೆಂದಲ್ಲದೆ ವಿಜಯನಗರದವರ ರಾಜಕೀಯ ಭಾವನೆಯ ದ್ಯೋತಕವೆಂದು ಫಿಲಿಪ್ ವ್ಯಾಗನರ್ 2000ದಲ್ಲಿ ವಿವೇಚಿಸಿದರು. ಇವರನ್ನು ಓದದೆ 1930ರ ದಶಕದಲ್ಲಿಯೇ ವಾದ ಮುಗಿಯಿತೆಂದು ಬರೆಯುವುದು ಸಲ್ಲದು.

ಶಾಸನಾಧಾರಗಳನ್ನು ನೋಡಿದಾಗ ಹೊಯ್ಸಳ ಸಂಬಂಧದ ಪಕ್ಷವೇ ಹೆಚ್ಚು ತೂಕದ್ದೆಂದು ಈ ಪತ್ರಿಕೆಗೆ ತೋರುತ್ತದೆ. ಹಾಗೆ ತೋರುವುದರಿಂದಲೇ ವೆಂಕಟರಮಣಯ್ಯನವರ ಹೆಸರನ್ನು ಹೇಳಲು ನಾವು ಅಂಜಬೇಕಾಗಿಲ್ಲ. ಮುಚ್ಚಿಟ್ಟ ಹೆಸರು ಎದುರಾಳಿಯ ಬಾಯಿಂದ ಹೊರಬಿದ್ದಾಗ ನಮ್ಮ ಸತ್ಯವಾದ ಮಾತೂ ಸುಳ್ಳಿನಂತೆ ಕೇಳಿಸುತ್ತದೆ. ಆ ಹೋಟೆಲಿನಲ್ಲಿ ನಡೆದುದು ಇದೇ. ನಗೆಗೀಡಾದವರು ಲೇಖನ ಬರೆದವರಲ್ಲ, ಅದನ್ನು ನಂಬಿ ಓದಿ ಹೇಳಿದ ನಮ್ಮ ಬಂಧು.

ಪರನಾಡಿನಲ್ಲಿ ತಮಿಳರು, ತೆಲುಗರು, ಕನ್ನಡಿಗರು ಒಂದೇ ಅಡಿಗೆಮನೆಯಲ್ಲಿ, ಒಂದೇ ಕಛೇರಿಯಲ್ಲಿ ಹೆಗಲೆಣೆಯಾಗಿ ದುಡಿಯುತ್ತಿದ್ದೇವೆ. ವಿಜಯನಗರದ ಅರಸರು ಕನ್ನಡ, ತೆಲುಗು, ತಮಿಳು, ಸಂಸ್ಕೃತಗಳಲ್ಲಿ ಶಾಸನಗಳನ್ನು ಹಾಕಿಸಿದರು. 1639ರಲ್ಲಿ ಮದರಾಸಿನ ನೆಲವನ್ನು ಇಂಗ್ಲಿಷ್ ಕಂಪನಿಗೆ ಕೊಟ್ಟ ದಾಮರ್ಲ ವೆಂಕಟಾದ್ರಿ ನಾಯಕನೂ ಆ ರಾಜ್ಯದ ಕೊನೆಯ ವಂಶದ ಅಧೀನನಾಗಿದ್ದವನೇ. ಇಂತಹ ಸಾಮ್ರಾಜ್ಯದ ಹೆಸರಿನಲ್ಲಿ ಊಟದ ಎಲೆಯ ಮುಂದೆ ಮನಸ್ತಾಪ ಹುಟ್ಟುವುದು ಯಾರಿಗೂ ಶೋಭೆಯಲ್ಲ.

ಸಂಘಗಳ ಸಂಪಾದಕರಲ್ಲಿ ನಮ್ಮ ವಿಜ್ಞಾಪನೆ ಇಷ್ಟು: ಈ ವರ್ಷದ ಲೇಖನದಲ್ಲಿ ಎರಡು ಪಕ್ಷದವರ ಹೆಸರುಗಳೂ, ಗ್ರಂಥಗಳ ವರ್ಷಗಳೂ, ಅವರು ಕೊಟ್ಟ ಆಧಾರಗಳೂ ಇರಲಿ. ಬಳಿಕ ನಿಮ್ಮ ನಿರ್ಣಯವನ್ನು ಧೈರ್ಯವಾಗಿ ಹೇಳಿರಿ. ಪತ್ರ ಬರೆದ ಬಂಧುವಿಗೆ ಹೇಳುವುದೂ ಅಷ್ಟೇ. ವಾರದ ರಜೆಯ ದಿನ ಬಿಡುವಾದರೆ ಎಗ್ಮೋರಿನ ಕನ್ನೆಮರ ಗ್ರಂಥಾಲಯಕ್ಕೆ ಹೋಗಿರಿ, ಸಾಧ್ಯವಾದರೆ ಆ ತೆಲುಗು ಮಿತ್ರರನ್ನೂ ಜೊತೆಗೆ ಕರೆದುಕೊಂಡು ಹೋಗಿರಿ. ಹೆರಾಸ್ ಅವರನ್ನು ಅವರು ಓದಲಿ, ವೆಂಕಟರಮಣಯ್ಯನವರನ್ನು ನೀವು ಓದಿರಿ.