ಮಾನಕ್ಕೆ ಒಂದೇ ವರ್ಷದ ವಾಯಿದೆನಾ?



ನಮ್ಮ ಕೇರಿಯ ಹುಡುಗನೊಬ್ಬನನ್ನು ಪತ್ರಿಕೆಯೊಂದು ಫೋಟೊ ಹಾಕಿ ‘ಕಳ್ಳ’ ಅಂತ ಬರೆಯಿತು. ಆರೋಪಿ ಅಂತಲ್ಲ, ಕಳ್ಳ ಅಂತಲೇ. ನಾಲ್ಕು ವರ್ಷ ಕೋರ್ಟಿಗೆ ಅಲೆದು ಖುಲಾಸೆಯಾದ. ಆ ಸುದ್ದಿ ಒಂದು ಸಾಲೂ ಬರಲಿಲ್ಲ. ಪರಿಹಾರ ಕೇಳೋಣ ಅಂತ ವಕೀಲರ ಹತ್ತಿರ ಕರ್ಕೊಂಡು ಹೋದೆ. ‘ಟೈಮ್ ಮುಗಿದೋಯ್ತು’ ಅಂದರು.

1963ರ ಕಾಲಮಿತಿ ಕಾಯ್ದೆಯ 75ನೇ ಅನುಚ್ಛೇದ ನೋಡಿ. ಮಾನಹಾನಿ ಬರಹಕ್ಕೆ ಪರಿಹಾರದ ದಾವೆ ಹೂಡಲು ಒಂದು ವರ್ಷ. ಅದೂ ಪ್ರಕಟವಾದ ದಿನದಿಂದ, ಖುಲಾಸೆಯಾದ ದಿನದಿಂದ ಅಲ್ಲ. ತಡ ಮನ್ನಿಸುವ 5ನೇ ಕಲಂ ಮೇಲ್ಮನವಿ, ಅರ್ಜಿಗಳಿಗಷ್ಟೇ; ದಾವೆಗಿಲ್ಲ. ಕೈಸಾಲ ವಸೂಲಿಗೆ 3 ವರ್ಷ. ಜಮೀನು ಬಿಡಿಸಿಕೊಳ್ಳಲು 12 ವರ್ಷ. ಮಾನಕ್ಕೆ ಮಾತ್ರ ಒಂದೇ!

ಜೈಲು, ಜಾಮೀನು, ಕೂಲಿ ಅಂತ ಓಡಾಡೋನು ಆ ವರ್ಷದೊಳಗೆ ಪತ್ರಿಕೆ ಮೇಲೆ ದಾವೆ ಹೂಡ್ತಾನೇನ್ರಿ? ಕೇಳುವ ಪರಿಹಾರಕ್ಕೆ ತಕ್ಕಂತೆ ಕೋರ್ಟ್ ಶುಲ್ಕ ಬೇರೆ ಕಟ್ಟಬೇಕು. ದುಡ್ಡಿದ್ದೋರಿಗೆ ಒಂದು ವಾರವೇ ಸಾಕು; ಕೋಟಿಗಟ್ಟಲೆ ದಾವೆ ಹಾಕಿ ಪತ್ರಕರ್ತರ ಬಾಯಿ ಮುಚ್ಚಿಸ್ತಾರೆ. ಅದನ್ನೂ ನಾನು ವಿರೋಧಿಸ್ತೀನಿ. ಹಾಗಾಗಿ ಎಲ್ಲರಿಗೂ ಅವಧಿ ಹೆಚ್ಚಿಸಿ ಅಂತ ಕೇಳ್ತಿಲ್ಲ. ಅದೇ ಆರೋಪದ ಕ್ರಿಮಿನಲ್ ಕೇಸು ನಡೆಯುವಷ್ಟು ಕಾಲವನ್ನು ಈ ಲೆಕ್ಕದಿಂದ ಬಿಡಿ. ಇಷ್ಟೇ ತಿದ್ದುಪಡಿ.

ಅಲ್ಲೀತನಕ ನಾವು ಮೈಮರೆಯೋದು ಬೇಡ. ತಾರೀಕು ಕಾಣುವಂತೆ ಇಡೀ ಪುಟ ಎತ್ತಿಡಿ. ಸಂಪಾದಕರಿಗೆ ಬರಹದಲ್ಲಿ ಆಕ್ಷೇಪಣೆ ಕೊಡಿ. ದಿನಪತ್ರಿಕೆಯಾದರೆ ಎರಡು ತಿಂಗಳೊಳಗೆ ಪ್ರೆಸ್ ಕೌನ್ಸಿಲ್‌ಗೆ ದೂರು ಹಾಕಿ. ಖುಲಾಸೆ ಆಗ್ಲಿ ಆಮೇಲೆ ನೋಡೋಣ ಅಂತ ಕೂತ್ಕೋಬೇಡಿ. ನಾವು ಕೂತು ಕಳ್ಕೊಂಡಿದ್ದೇವೆ.

ಜೈಭೀಮ್.